ಪಾತ್ರ ಹಂಚಿದವರು

ನಮ್ಮ ಬಿಜಾಪುರದ ತಿಕೋಟಾ ಕಡೆಯ ಹಳ್ಳಿಗಳಲ್ಲಿ ಜಾತ್ರೆಗೆ ನಾಟಕ ಆಡಬೇಕೆಂದರೆ ಊರಿಗೆ ಮೊದಲು ಬರುವವನು ಹಾರ್ಮೋನಿಯಂ ನುಡಿಸುವ ಪೇಟಿ ಮಾಸ್ತರ. ಗುಡಿಯ ಪಡಸಾಲೆಯಲ್ಲೋ ಸಾಲಿಯ ಕಟ್ಟೆಯ ಮೇಲೋ ಪೇಟಿ ಮುಂದಿಟ್ಟುಕೊಂಡು ಆತ ಕೂತರೆ ಹುಡುಗರ ಸರದಿ ಶುರು. ‘ಎಲ್ಲಿ, ಒಂದೀಟು ಹಾಡಪಾ’ ಅನ್ನುತ್ತಾನೆ. ಎರಡು ಸಾಲು ಕೇಳಿ ಸಾಕೆಂದು ಕೈ ಎತ್ತುತ್ತಾನೆ. ದನಿ ಗಡುಸಿದ್ದವನು ಖಳನಾಯಕ. ಆಳ್ತನ ಇದ್ದವನು ಊರಗೌಡ. ಮಾತಿಗೆ ಮಾತು ಪೋಣಿಸುವವನು ಹಾಸ್ಯಗಾರ. ಹೀರೋ ಪಾತ್ರದ ಲೆಕ್ಕ ಮಾತ್ರ ಬೇರೆ. ಅದಕ್ಕೆ ಕಂಠಕ್ಕಿಂತ ಪಟ್ಟಿ ಮುಖ್ಯ. ಖರ್ಚಿಗೆ ಹೆಚ್ಚು ಹಣ ಎತ್ತಿಕೊಟ್ಟವನಿಗೆ ಹೆಚ್ಚು ಸೀನು. ಮಾಸ್ತರನಿಗೂ ಇದು ಗೊತ್ತು, ಊರಿಗೂ ಗೊತ್ತು. ಹಾಡಲು ಬಾರದ ಹೀರೋನ ಹಾಡುಗಳನ್ನು ಪರದೆಯ ಪಕ್ಕದಲ್ಲಿ ಕೂತ ಮಾಸ್ತರನೇ ಹಾಡಿ ಮುಗಿಸಿದ್ದನ್ನು ನಾವೆಲ್ಲ ನೋಡಿದ್ದೇವೆ. ಹೆಣ್ಣು ಪಾತ್ರಕ್ಕೆ ಗದಗ, ಇಳಕಲ್ಲ, ಹುಬ್ಬಳ್ಳಿ ಕಡೆಯ ವೃತ್ತಿ ಕಲಾವಿದೆಯರಿಗೆ ಮುಂಗಡ ಹೋಗುತ್ತದೆ. ಅವರು ಬರುವುದು ನಾಟಕದ ಹಿಂದಿನ ದಿನ, ಕೆಲವೊಮ್ಮೆ ಅದೇ ದಿನ ಸಂಜೆ. ತಿಂಗಳುಗಟ್ಟಲೆ ತಾಲೀಮು ಮಾಡಿದ ಊರ ಹುಡುಗ ಆ ಹೆಣ್ಣುಮಗಳ ಎದುರು ಮಾತು ಮರೆತು ನಿಂತರೆ ಅವಳೇ ಅವನ ಮಾತನ್ನೂ ಆಡಿ ಸೀನು ದಾಟಿಸುತ್ತಾಳೆ.

ನಾಟಕಕ್ಕೆ ಮುಂಚೆ ಹಂಚುವ ಹ್ಯಾಂಡ್‌ಬಿಲ್ಲಿನಲ್ಲಿ ನಾಟಕಕಾರನ ಹೆಸರಿರುತ್ತದೆ, ದಾನಿಗಳ ಹೆಸರಿರುತ್ತದೆ, ಸಂಗೀತ ಎಂಬಲ್ಲಿ ಮಾಸ್ತರನ ಹೆಸರಿರುತ್ತದೆ. ಪಾತ್ರ ಹಂಚಿದವರು ಯಾರು ಎಂಬ ಸಾಲು ಮಾತ್ರ ಇರುವುದಿಲ್ಲ.

ಸಿನಿಮಾದಲ್ಲಿ ಈ ಕೆಲಸಕ್ಕೆ ಈಗ ಕಾಸ್ಟಿಂಗ್ ಡೈರೆಕ್ಟರ್ ಅನ್ನುತ್ತಾರೆ. ಕಥೆ ಓದಿ, ಈ ಪಾತ್ರಕ್ಕೆ ಇಂಥ ಮುಖ, ಇಂಥ ದನಿ, ಇಂಥ ನಡಿಗೆ ಬೇಕೆಂದು ಲೆಕ್ಕ ಹಾಕಿ, ಊರೂರು ಹುಡುಕಿ, ಆಡಿಸಿ ನೋಡಿ, ನಿರ್ದೇಶಕನ ಮುಂದೆ ತಂದು ನಿಲ್ಲಿಸುವ ಕೆಲಸ. ಹಾಲಿವುಡ್ಡಿನವರೇ ಇದನ್ನು ಬೇರೆ ಕಸುಬೆಂದು ಪೂರಾ ಒಪ್ಪಲು ನೂರು ವರ್ಷ ತೆಗೆದುಕೊಂಡರು. ಆಸ್ಕರ್ ಅಕಾಡೆಮಿ ಇವರಿಗಾಗಿ ಪ್ರತ್ಯೇಕ ಶಾಖೆ ತೆರೆದದ್ದು 2013ರಲ್ಲಿ. ಇವರಿಗೊಂದು ಪ್ರಶಸ್ತಿ ಇಟ್ಟದ್ದು 2025ರ ಚಿತ್ರಗಳಿಂದ ಈಚೆಗೆ. ಭಾರತದಲ್ಲಿ ಈ ಕೆಲಸದ ಹೆಸರು ಮೊದಲು ಗಟ್ಟಿಯಾಗಿ ಕೇಳಿದ್ದು ರಿಚರ್ಡ್ ಆಟೆನ್‌ಬರೋ ಅವರ ‘ಗಾಂಧಿ’ಯ ಕಾಲದಲ್ಲಿ, ಇಲ್ಲಿಯ ನಟರನ್ನು ಆರಿಸಿಕೊಟ್ಟವರು ಮುಂಬಯಿ ರಂಗಭೂಮಿಯ ಡಾಲಿ ಠಾಕೋರ್. ಆಮೇಲೆ 1994ರ ‘ಬ್ಯಾಂಡಿಟ್ ಕ್ವೀನ್’ಗೆ ತಿಗ್ಮಾಂಶು ಧೂಲಿಯಾ, 2012ರ ‘ಗ್ಯಾಂಗ್ಸ್ ಆಫ್ ವಾಸೇಪುರ್’ಗೆ ಮುಕೇಶ್ ಛಾಬ್ರಾ. ಹೆಸರು ಹೊಸದು. ಕೆಲಸ ಪೇಟಿ ಮಾಸ್ತರನಷ್ಟು ಹಳೆಯದು. ಕನ್ನಡ ಸಿನಿಮಾದಲ್ಲಿ ಇದನ್ನು ಯಾರು ಯಾರು ಮಾಡಿದರು ಎಂದು ನೋಡುತ್ತ ಹೋದರೆ, ಬಿಜಾಪುರದ ಬಾಯಿ ಬೆಳ್ಳಿತೆರೆಗೆ ಬರಲು ಯಾಕೆ ಇಷ್ಟು ತಡವಾಯಿತು ಎಂಬುದಕ್ಕೂ ಉತ್ತರ ಸಿಗುತ್ತದೆ. ನನಗೆ ಬೇಕಾದದ್ದು ಆ ಉತ್ತರ.

ಬಿಜಾಪುರದಲ್ಲಿ, ಅಂದರೆ ಈಗಿನ ವಿಜಯಪುರದಲ್ಲಿ, ಅಮೀರ್ ಟಾಕೀಸ್ ಎಂಬ ಹೆಸರು ಕೇಳದವರಿಲ್ಲ. ಸಿನಿಮಾ ನೋಡಲು ಹಳ್ಳಿಯಿಂದ ಬಸ್ಸು ಹತ್ತಿ ಬರುತ್ತಿದ್ದ ಎರಡು-ಮೂರು ತಲೆಮಾರಿನ ಬಾಯಲ್ಲಿ ಅದು ಬರೀ ಒಂದು ಥೇಟರು. ಅದು ಅಮೀರ್‌ಬಾಯಿ ಕರ್ನಾಟಕಿಯ ಹೆಸರು ಎಂಬುದು ಎಷ್ಟೋ ಜನಕ್ಕೆ ಗೊತ್ತಿಲ್ಲ. ಆಕೆ ಬೀಳಗಿಯ ಮಗಳು. ಬೀಳಗಿ ಈಗ ಬಾಗಲಕೋಟೆ ಜಿಲ್ಲೆಗೆ ಸೇರಿದೆ. 1997ರಲ್ಲಿ ಜಿಲ್ಲೆ ಒಡೆಯುವವರೆಗೂ ಬಿಜಾಪುರ ಜಿಲ್ಲೆಯದೇ. ಅಕ್ಕ ಗೋಹರಬಾಯಿ, ತಂಗಿ ಅಮೀರ್‌ಬಾಯಿ. ಇಬ್ಬರೂ ಹಾಡುವವರು, ಇಬ್ಬರೂ ನಾಟಕ ಕಂಪನಿಯ ನೀರು ಕುಡಿದವರು. ಅಕ್ಕ ಮುಂದೆ ಮರಾಠಿ ರಂಗಭೂಮಿಯ ಬಾಲಗಂಧರ್ವರ ಕಂಪನಿ ಸೇರಿದಳು, ಅವರ ಬಾಳಿಗೂ ಜೊತೆಯಾದಳು. ಮರಾಠಿಗರು ಆಕೆಯನ್ನು ಬೈದದ್ದೂ ಹೆಚ್ಚು, ಆಕೆಯ ಹಾಡು ಕೇಳಿದ್ದೂ ಹೆಚ್ಚು.

ತಂಗಿಯನ್ನು ಸಿನಿಮಾಕ್ಕೆ ಹಚ್ಚಿದವಳು ಈ ಅಕ್ಕನೇ. 1934ರ ‘ವಿಷ್ಣುಭಕ್ತಿ’ಯಲ್ಲಿ ಅಮೀರ್‌ಬಾಯಿಗೆ ಮೊದಲ ಪಾತ್ರ ಸಿಕ್ಕಿತು. ಆಗಿನ ಕಾಲದಲ್ಲಿ ನಟರ ಆಯ್ಕೆ ಹೀಗೇ ನಡೆಯುತ್ತಿತ್ತು: ಅಕ್ಕ ತಂಗಿಯನ್ನು, ಉಸ್ತಾದ ಶಿಷ್ಯನನ್ನು, ಗ್ರಾಮಾಫೋನ್ ಕಂಪನಿಯ ಏಜೆಂಟ ಹಾಡುವವಳನ್ನು ಸ್ಟುಡಿಯೋ ಬಾಗಿಲಿಗೆ ತಂದು ಬಿಡುವುದು. ಪರೀಕ್ಷೆ ಒಂದೇ, ಹಾಡಲು ಬರುತ್ತದೋ ಇಲ್ಲವೋ. ಮೂಕಿ ಚಿತ್ರ ಹೋಗಿ ಮಾತಿನ ಚಿತ್ರ ಬಂದ ಹೊಸತು. ಮುಖವೂ ದನಿಯೂ ಒಂದೇ ದೇಹದಲ್ಲಿ ಇರಲೇಬೇಕಿತ್ತು, ಏಕೆಂದರೆ ಹಾಡನ್ನು ಕ್ಯಾಮೆರಾದ ಎದುರೇ ಹಾಡಬೇಕು. ಹಾಗಾಗಿ ಆಗ ನಟರನ್ನು ಆರಿಸುವವರು ಕಣ್ಣಿಗಿಂತ ಕಿವಿಯನ್ನು ನಂಬುತ್ತಿದ್ದರು. ಬಿಜಾಪುರ, ಧಾರವಾಡ, ಬೆಳಗಾವಿಯ ಕಡೆ ಹಿಂದುಸ್ತಾನಿ ಸಂಗೀತ ಮನೆಮನೆಯ ಹವಾದಲ್ಲಿತ್ತು. ಅಂಥ ಕಿವಿಗೆ ಇಲ್ಲಿಯ ಕಂಠಗಳು ಬೀಳದೆ ಇರುವುದು ಸಾಧ್ಯವಿರಲಿಲ್ಲ.

1935ರಲ್ಲಿ ಕಲಕತ್ತೆಯ ನ್ಯೂ ಥಿಯೇಟರ್ಸ್‌ನವರು ಹಿನ್ನೆಲೆ ಗಾಯನ ತಂದರು. ಹಾಡು ಬೇರೆ ಹೊತ್ತಿನಲ್ಲಿ ಮುದ್ರಿಸಿ, ಕ್ಯಾಮೆರಾದ ಮುಂದೆ ತುಟಿ ಆಡಿಸಿದರೆ ಸಾಕು ಎಂದಾಯಿತು. ತಾಂತ್ರಿಕವಾಗಿ ಸಣ್ಣ ಸುಧಾರಣೆ. ಆದರೆ ನಟರ ಆಯ್ಕೆಯ ಚರಿತ್ರೆಯಲ್ಲಿ ಇದಕ್ಕಿಂತ ದೊಡ್ಡ ಘಟನೆ ಇಲ್ಲ. ದನಿ ಒಬ್ಬರದು, ಮುಖ ಒಬ್ಬರದು ಎಂದಾದ ದಿನದಿಂದ ಆರಿಸುವವರ ಕಣ್ಣು ಮುಖದ ಕಡೆ ತಿರುಗಿತು. 1943ರಲ್ಲಿ ಬಾಂಬೆ ಟಾಕೀಸಿನ ‘ಕಿಸ್ಮತ್’ ಬಂತು. ಅಶೋಕ್ ಕುಮಾರ್ ನಾಯಕ, ಮುಮ್ತಾಜ್ ಶಾಂತಿ ನಾಯಕಿ. ಕಲಕತ್ತೆಯ ರಾಕ್ಸಿಯಲ್ಲಿ ಆ ಚಿತ್ರ ಮೂರು ವರ್ಷಕ್ಕೂ ಮಿಕ್ಕಿ ಓಡಿತು. ಜನ ಮತ್ತೆ ಮತ್ತೆ ಹೋಗಿ ಕೇಳಿದ್ದು ಅನಿಲ್ ಬಿಸ್ವಾಸ್ ಸ್ವರ ಹಾಕಿದ ಹಾಡುಗಳನ್ನು, ನಾಯಕಿಯ ತುಟಿಯ ಮೇಲೆ ಕೂತಿದ್ದ ಅಮೀರ್‌ಬಾಯಿಯ ದನಿಯನ್ನು. ಬೀಳಗಿಯ ಕಂಠ ಇಡೀ ದೇಶ ಸುತ್ತಿತು. ಬೀಳಗಿಯ ಮುಖ ಪರದೆಯ ಹಿಂದೆ ಉಳಿಯಿತು. ಆಮೇಲೆ ‘ರತನ್’, ‘ಭರ್ತೃಹರಿ’ಯ ಹಾಡುಗಳು ಬಂದವು. 1948ರ ‘ಶಹನಾಜ್’ಗೆ ಆಕೆ ಸಂಗೀತ ನಿರ್ದೇಶನವನ್ನೂ ಮಾಡಿದಳು. ಆ ಕಾಲಕ್ಕೆ ಹೆಣ್ಣುಮಗಳೊಬ್ಬಳು ಅದನ್ನು ಮಾಡಿದ್ದು ದೊಡ್ಡ ಮಾತು. ಅದನ್ನು ನಾವು ಸಾಕಷ್ಟು ಹೇಳಿಲ್ಲ. ಅಷ್ಟರಲ್ಲಿ ಹೊಸ ತಲೆಮಾರಿನ ತೆಳುದನಿಗಳು ಬಂದವು, ಸಂಗೀತ ನಿರ್ದೇಶಕರ ಕಿವಿ ಅತ್ತ ಹೊರಳಿತು. 1965ರಲ್ಲಿ ಅಮೀರ್‌ಬಾಯಿ ತೀರಿಕೊಂಡಳು. ಕನ್ನಡದ ಓದುಗರಿಗೆ ಆಕೆಯನ್ನು ಮತ್ತೆ ಪರಿಚಯಿಸಲು ರಹಮತ್ ತರೀಕೆರೆ ಒಂದು ಪುಸ್ತಕವನ್ನೇ ಬರೆಯಬೇಕಾಯಿತು.

ಅಮೀರ್‌ಬಾಯಿ ಮುಂಬಯಿಗೆ ಯಾಕೆ ಹೋದಳು, ಬೆಂಗಳೂರಿಗೋ ಮದರಾಸಿಗೋ ಯಾಕೆ ಹೋಗಲಿಲ್ಲ? ಪ್ರಶ್ನೆ ವಿಚಿತ್ರ ಅನ್ನಿಸಬಹುದು, ಆದರೆ ನನ್ನ ಮಾತಿನ ಗಂಟು ಇರುವುದು ಇಲ್ಲಿಯೇ. ಬಿಜಾಪುರ ಜಿಲ್ಲೆ ಆಗ ಮುಂಬಯಿ ಪ್ರಾಂತ್ಯದಲ್ಲಿತ್ತು. 1956ರವರೆಗೂ ನಮ್ಮ ರಾಜಧಾನಿ ಮುಂಬಯಿ. ಕೋರ್ಟು, ಕಾಲೇಜು, ನೌಕರಿ, ನಾಟಕ ಯಾವುದೇ ಇರಲಿ, ದಾರಿ ಹೋಗುತ್ತಿದ್ದುದು ಸೊಲ್ಲಾಪುರ, ಮಿರಜ, ಪುಣೆಯ ಕಡೆ. ಮರಾಠಿ ಸಂಗೀತ ನಾಟಕಕ್ಕೆ ಅಡಿಗಲ್ಲು ಹಾಕಿದ ಅಣ್ಣಾಸಾಹೇಬ ಕಿರ್ಲೋಸ್ಕರರೇ ಬೆಳಗಾವಿ ಜಿಲ್ಲೆಯ ಗುರ್ಲಹೊಸೂರಿನವರು. ಹುಬ್ಬಳ್ಳಿ ಕಡೆಯ ಶಾಂತಾ ಹುಬ್ಳೀಕರ್ 1939ರಲ್ಲಿ ವಿ. ಶಾಂತಾರಾಮರ ‘ಮಾಣೂಸ್’ನ ನಾಯಕಿಯಾಗಿ ಮರಾಠಿಗರ ಮನಸ್ಸಿನಲ್ಲಿ ಕೂತಳು. ಮೂರು ವರ್ಷದ ಮೇಲೆ ಆಕೆ ಗುಬ್ಬಿ ಕಂಪನಿಯ ‘ಜೀವನ ನಾಟಕ’ದಲ್ಲಿ ಕನ್ನಡಕ್ಕೂ ಬಂದಳು. ಅಂಥವರು ಬೆರಳೆಣಿಕೆ. ಉಳಿದವರನ್ನು ಮುಂಬಯಿ ಇಟ್ಟುಕೊಂಡಿತು.

ಅತ್ತ ಕನ್ನಡದ ಸಿನಿಮಾ ಹುಟ್ಟಿದ್ದು ಹಳೆ ಮೈಸೂರಿನ ಕಂಪನಿ ನಾಟಕದ ಬಸಿರಿನಿಂದ. ‘ವಿಷ್ಣುಭಕ್ತಿ’ ಬಂದ ಅದೇ 1934ರ ಮಾರ್ಚ್ 3ರಂದು ಬೆಂಗಳೂರಿನಲ್ಲಿ ‘ಸತಿ ಸುಲೋಚನ’ ತೆರೆಕಂಡಿತು. ಚಿತ್ರೀಕರಣ ಮಾಡಿದ್ದು ಕೊಲ್ಹಾಪುರದ ಛತ್ರಪತಿ ಸಿನಿಟೋನ್‌ನಲ್ಲಿ, ಬೆಂಗಳೂರಿನವರಿಗಿಂತ ನಮಗೇ ಹತ್ತಿರದ ಊರಿನಲ್ಲಿ. ಆದರೆ ನಟರೆಲ್ಲ ಬಂದದ್ದು ದಕ್ಷಿಣದಿಂದ. ನಿರ್ದೇಶಕ ವೈ.ವಿ. ರಾವ್ ಪಾತ್ರಕ್ಕೆ ತಕ್ಕವರನ್ನು ಹುಡುಕಿ ಊರೂರು ಅಲೆಯಬೇಕಾಗಿರಲಿಲ್ಲ. ನಾಟಕ ಕಂಪನಿಯಲ್ಲಿ ಎಲ್ಲರೂ ತಯಾರಿದ್ದರು. ಎಂ.ವಿ. ಸುಬ್ಬಯ್ಯನಾಯ್ಡು ಇಂದ್ರಜಿತು, ಆರ್. ನಾಗೇಂದ್ರರಾಯರು ರಾವಣ, ತ್ರಿಪುರಾಂಬ ಸುಲೋಚನೆ. ರಂಗದ ಮೇಲೆ ಯಾರು ಯಾವ ಪಾತ್ರ ಕಟ್ಟುತ್ತಿದ್ದರೋ ಬಹುಮಟ್ಟಿಗೆ ಅದೇ ಲೆಕ್ಕ ತೆರೆಗೂ ದಾಟಿತು. ಹೀಗೆ ಕನ್ನಡ ಚಿತ್ರರಂಗದ ಮೊದಲ ಕಾಸ್ಟಿಂಗ್ ಡೈರೆಕ್ಟರ್ ಆದವನು ಕಂಪನಿ ಯಜಮಾನ.

ಯಜಮಾನರಲ್ಲಿ ದೊಡ್ಡವರು ಗುಬ್ಬಿ ವೀರಣ್ಣ. ಅವರ ಡೇರೆ ಒಂದು ಊರಿನಷ್ಟಿತ್ತು. ಅಲ್ಲಿ ಹುಡುಗ ಮೊದಲು ಪರದೆ ಎಳೆಯಬೇಕು, ಆಮೇಲೆ ಬಾಲಗೋಪಾಲನಾಗಬೇಕು, ಮೀಸೆ ಬಂದ ಮೇಲೆ ದೂತ, ಅದೃಷ್ಟವಿದ್ದರೆ ಅರ್ಜುನ. ಒಂದು ಪಾತ್ರಕ್ಕೆ ಒಬ್ಬನನ್ನು ಆರಿಸುವ ಮುಂಚೆ ಯಜಮಾನ ಅವನನ್ನು ಹತ್ತು ವರ್ಷ ನೋಡಿರುತ್ತಿದ್ದ. ಈಗಿನ ಐದು ನಿಮಿಷದ ಆಡಿಷನ್ನಿಗೆ ಇದನ್ನು ಹೋಲಿಸಿದರೆ ನಗು ಬರುತ್ತದೆ. ಸಿಂಗಾನಲ್ಲೂರು ಪುಟ್ಟಸ್ವಾಮಯ್ಯನವರ ಮಗ ಮುತ್ತುರಾಜ ಬೆಳೆದದ್ದು ಅಪ್ಪನ ಬೆನ್ನುಹಿಡಿದು ಇಂಥ ಡೇರೆಯಲ್ಲೇ. ‘ಬೇಡರ ಕಣ್ಣಪ್ಪ’ಕ್ಕೆ ನಾಯಕನನ್ನು ಹುಡುಕುತ್ತಿದ್ದ ಎಚ್.ಎಲ್.ಎನ್. ಸಿಂಹ ಆತನನ್ನು ಆರಿಸಿ, ರಾಜಕುಮಾರ್ ಎಂದು ಹೆಸರಿಟ್ಟು, 1954ರಲ್ಲಿ ತೆರೆಗೆ ತಂದರು. ಅದೇ ಚಿತ್ರದಲ್ಲಿ ನರಸಿಂಹರಾಜು, ಜಿ.ವಿ. ಅಯ್ಯರ್ ಇದ್ದರು. ಒಂದೇ ಆಯ್ಕೆಯಲ್ಲಿ ಮುಂದಿನ ಮೂವತ್ತು-ನಲವತ್ತು ವರ್ಷದ ಚಿತ್ರರಂಗವನ್ನು ಹೀಗೆ ನಿಲ್ಲಿಸಿದವರು ಕನ್ನಡದಲ್ಲಿ ಇನ್ನೊಬ್ಬರಿಲ್ಲ. ಆದರೂ ಸಿಂಹರನ್ನು ನಾವು ನೆನೆಯುವುದು ನಿರ್ದೇಶಕರೆಂದು ಮಾತ್ರ.

ರಾಜಕುಮಾರರ ಮಾತು ಯಾವ ಊರಿನ ಮಾತಾಗಿತ್ತು? ಗಾಜನೂರಿನದಲ್ಲ, ಮೈಸೂರಿನದೂ ಅಲ್ಲ. ಅದು ಕಂಪನಿಯ ಮಾತು. ಹಿಂದಿನ ಸಾಲಿನಲ್ಲಿ ಚಾಪೆ ಮೇಲೆ ಕೂತವನಿಗೂ ಪ್ರತಿ ಅಕ್ಷರ ಕೇಳಬೇಕೆಂದು ತಿದ್ದಿ ತೀಡಿದ ಮಾತು. ಅದನ್ನು ಬೀದರಿನಿಂದ ಕೊಳ್ಳೇಗಾಲದವರೆಗೆ ಎಲ್ಲರೂ ತಮ್ಮದೆಂದುಕೊಂಡರು. ಬಿಜಾಪುರದ ಥೇಟರುಗಳಲ್ಲಿ ರಾಜಕುಮಾರರ ಚಿತ್ರಕ್ಕೆ ತೆಂಗಿನಕಾಯಿ ಒಡೆದ ಜನ ನಾವು. ಆದರೆ ಆ ಶುದ್ಧ ಮಾತಿನ ಪಕ್ಕದಲ್ಲಿ ನಿಂತಾಗ ಉಳಿದ ಎಲ್ಲ ಆಡುಮಾತೂ ನಗೆಯ ವಸ್ತುವಾಯಿತು. ನಾಯಕ ಗ್ರಾಂಥಿಕ ಆಡಬೇಕು, ಆಳು ಹಳ್ಳಿ ಮಾತು ಆಡಬೇಕು. ಮದರಾಸಿನ ಸ್ಟುಡಿಯೋಗಳಲ್ಲಿ ಕನ್ನಡ ಚಿತ್ರಗಳು ತಯಾರಾಗುತ್ತಿದ್ದ ಕಾಲಕ್ಕೆ ಉತ್ತರದ ಕಂಪನಿಗಳು ಗದಗ, ಹುಬ್ಬಳ್ಳಿ, ಬಾಗಲಕೋಟೆಯಲ್ಲಿ ತಮ್ಮ ಪಾಡಿಗೆ ಆಡುತ್ತಿದ್ದವು. ಅಲ್ಲಿ ಏಣಗಿ ಬಾಳಪ್ಪನವರಂಥ ಘಟಾನುಘಟಿಗಳಿದ್ದರು. ಮದರಾಸಿಗೆ ಹೋಗುವ ರೈಲು ಅವರ ಡೇರೆಯ ಮುಂದೆ ನಿಲ್ಲಲಿಲ್ಲ. ಏಕೀಕರಣ ನಕಾಶೆಯನ್ನು ಕೂಡಿಸಿತು. ಪಾತ್ರಪಟ್ಟಿ ಮಾತ್ರ ಮೊದಲಿನಂತೆಯೇ ಇತ್ತು.

ಯಜಮಾನರ ಕಾಲ ಇಳಿದ ಮೇಲೆ ಆರಿಸುವ ಕೆಲಸ ನಿರ್ದೇಶಕನ ಕೈಗೆ ಬಂತು. ಪುಟ್ಟಣ್ಣ ಕಣಗಾಲ್ ಅದನ್ನು ಒಂದು ಛಲವನ್ನಾಗಿ ಮಾಡಿಕೊಂಡವರು. 1972ರ ‘ನಾಗರಹಾವು’ಗೆ ಅವರು ಹೆಸರಾಂತ ನಾಯಕನನ್ನು ಕರೆಯಲಿಲ್ಲ. ‘ವಂಶವೃಕ್ಷ’ದಲ್ಲಿ ಸಣ್ಣ ಪಾತ್ರ ಮಾಡಿದ್ದ ಸಂಪತ್‌ಕುಮಾರನನ್ನು ತಂದು ವಿಷ್ಣುವರ್ಧನ ಮಾಡಿದರು. ಅದೇ ಚಿತ್ರದ ಜಲೀಲನಾಗಿ ಅಮರನಾಥ ಬಂದ, ಅಂಬರೀಷನಾದ. ಚಿತ್ರದ ನಾಯಕ ರಾಮಾಚಾರಿಯ ಸಿಟ್ಟಿಗೆ ಹೆಸರಿಲ್ಲದ ಮುಖವೇ ಬೇಕಿತ್ತು. ಮೊದಲೇ ಪ್ರೀತಿ ಗಳಿಸಿದ ನಟನ ಸಿಟ್ಟನ್ನು ಜನ ನಂಬುತ್ತಿರಲಿಲ್ಲ. ಇದು ಪುಟ್ಟಣ್ಣನವರ ಲೆಕ್ಕ, ಲೆಕ್ಕ ಸರಿಯಾಗಿತ್ತು.

ಅದೇ ಹೊತ್ತಿಗೆ ಇನ್ನೊಂದು ಗುಂಪು ಬೇರೆ ದಾರಿ ಹಿಡಿದಿತ್ತು. 1970ರ ‘ಸಂಸ್ಕಾರ’ಕ್ಕೆ ಪಟ್ಟಾಭಿರಾಮ ರೆಡ್ಡಿ ವೃತ್ತಿನಟರ ಹತ್ತಿರವೇ ಹೋಗಲಿಲ್ಲ. ಪ್ರಾಣೇಶಾಚಾರ್ಯನಾಗಿ ಗಿರೀಶ ಕಾರ್ನಾಡ, ನಾರಣಪ್ಪನಾಗಿ ಪಿ. ಲಂಕೇಶ, ಚಂದ್ರಿಯಾಗಿ ಸ್ನೇಹಲತಾ ರೆಡ್ಡಿ. ಲೇಖಕನನ್ನೇ ಪಾತ್ರಕ್ಕೆ ಹಾಕುವ ಈ ಚಾಳಿಯನ್ನು ಯಾರಾದರೂ ಕುಹಕವಾಡಬಹುದು. ಗೆಳೆಯರೆಲ್ಲ ಸೇರಿ ಆಡಿದ ಆಟ ಅನ್ನಬಹುದು. ಆದರೆ ಓದುವ, ತಳಮಳಿಸುವ ಆಚಾರ್ಯನ ಹಣೆ ಬೇಕೆಂದರೆ ಕಂಪನಿ ನಟನ ಹಣೆ ಅಲ್ಲಿ ಕೂಡುತ್ತಿರಲಿಲ್ಲ. 1975ರ ‘ಚೋಮನ ದುಡಿ’ಗೆ ಬಿ.ವಿ. ಕಾರಂತರು ಮಾಡಿದ ಆಯ್ಕೆ ನನಗೆ ಇದಕ್ಕಿಂತ ದೊಡ್ಡದೆನಿಸುತ್ತದೆ. ಎಂ.ವಿ. ವಾಸುದೇವರಾಯರು ಬಾಲ್ಯದಿಂದ ಬಣ್ಣ ಹಚ್ಚಿದವರು. ಬದುಕಿನುದ್ದಕ್ಕೂ ಸಿಕ್ಕಿದ್ದು ಚಿಲ್ಲರೆ ಪಾತ್ರ. ಕಾರಂತರು ಅವರಲ್ಲಿ ಚೋಮನನ್ನು ಕಂಡರು. ಆ ವರ್ಷದ ಶ್ರೇಷ್ಠ ನಟ ರಾಷ್ಟ್ರಪ್ರಶಸ್ತಿ ವಾಸುದೇವರಾಯರಿಗೆ ಬಂತು. ಅಷ್ಟು ವರ್ಷ ಆ ಮುಖ ಎಲ್ಲರ ಕಣ್ಣೆದುರೇ ಇತ್ತು.

ಕಣ್ಣೆದುರಿನ ಮುಖವನ್ನು ಕಾಣುವುದರಲ್ಲಿ ಗಿರೀಶ ಕಾಸರವಳ್ಳಿಯವರದೂ ಅದೇ ಗುಣ. ಎರಡರ್ಥದ ಹಾಸ್ಯಕ್ಕೆಂದೇ ಗಾಂಧಿನಗರ ಮೀಸಲಿಟ್ಟಿದ್ದ ಉಮಾಶ್ರೀ ಅವರನ್ನು 2008ರ ‘ಗುಲಾಬಿ ಟಾಕೀಸ್’ಗೆ ತಂದರು, ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ಬಂತು. ಆಮೇಲೆ ‘ಕನಸೆಂಬೋ ಕುದುರೆಯನೇರಿ’. ಅಮರೇಶ ನುಗಡೋಣಿಯವರ ಕಥೆ, ನಮ್ಮ ಕಡೆಯ ಊರು, ನಮ್ಮ ಕಡೆಯ ಗೌಡಿಕೆ, ಕುಣಿ ತೋಡುವ ಈರ್ಯಾ. ಆ ಪಾತ್ರಕ್ಕೆ ಕಾಸರವಳ್ಳಿ ಆರಿಸಿದ್ದು ಬೀದರ ಜಿಲ್ಲೆಯ ವೈಜನಾಥ ಬಿರಾದಾರರನ್ನು. ನೂರಾರು ಚಿತ್ರಗಳಲ್ಲಿ ಭಿಕ್ಷುಕ, ಕುಡುಕ ಎಂದು ಎರಡು ನಿಮಿಷ ಬಂದು ನಗಿಸಿ ಹೋಗುತ್ತಿದ್ದ ಮನುಷ್ಯ. ಅದೇ ಸಣಕಲು ಮೈ, ಅದೇ ಮಾತು. ಈ ಸಲ ಯಾರೂ ನಗಲಿಲ್ಲ. ಸ್ಪೇನಿನ ಚಿತ್ರೋತ್ಸವದಲ್ಲಿ ಆತನಿಗೆ ಉತ್ತಮ ನಟ ಪ್ರಶಸ್ತಿ ಬಂದಾಗ ಬೆಂಗಳೂರಿಗೆ ಆತನ ಪೂರ್ತಿ ಹೆಸರು ಗೊತ್ತಾಯಿತು.

ಇದರ ನಡುವೆ ಉತ್ತರ ಕರ್ನಾಟಕದ ಮಾತು ತೆರೆಗೆ ಬರಲೇ ಇಲ್ಲ ಎಂದೇನಲ್ಲ. ನಾಗಾಭರಣರ ‘ಸಂತ ಶಿಶುನಾಳ ಶರೀಫ’, 1997ರ ‘ನಾಗಮಂಡಲ’ ಎರಡೂ ಈ ಮಾತಿನಲ್ಲೇ ನಡೆದವು, ಎರಡೂ ಗೆದ್ದವು. ಶರೀಫನಾದ ಶ್ರೀಧರ್, ಅಪ್ಪಣ್ಣನಾದ ಪ್ರಕಾಶ್ ರೈ, ರಾಣಿಯಾದ ವಿಜಯಲಕ್ಷ್ಮಿ ಮೂವರೂ ಈ ಮಾತನ್ನು ಕಲಿತು ಆಡಿದರು, ಚೆನ್ನಾಗಿಯೇ ಆಡಿದರು. ಅವರ ಮೇಲೆ ನನ್ನ ದೂರಿಲ್ಲ. ಆದರೆ ಹಾಡುವಾಗ ಅಮೀರ್‌ಬಾಯಿಗೆ ಬೇರೆಯವಳ ಮುಖ ಇದ್ದಂತೆ, ಇಲ್ಲಿ ನಮ್ಮ ಮಾತಿಗೆ ಬೇರೆಯವರ ಮುಖ.

ಕನ್ನಡದಲ್ಲಿ ನಟರ ಆಯ್ಕೆಯನ್ನು ತನ್ನದೇ ಕಸುಬೆಂದು ಮಾಡಿ, ಆ ಕೆಲಸದ ಹೆಸರಿನಲ್ಲೇ ತೆರೆಯ ಮೇಲೆ ತನ್ನ ಹೆಸರು ಕಾಣಿಸಿ, ಜಗತ್ತು ತಿರುಗಿ ನೋಡುವಂತೆ ಮಾಡಿದವನು ಮಂಡ್ಯ ಜಿಲ್ಲೆಯ ನೊದೆಕೊಪ್ಪಲಿನ ಈರೇಗೌಡ. ಚಿತ್ರ ‘ತಿಥಿ’. ನಿರ್ದೇಶಕ ರಾಮ್ ರೆಡ್ಡಿ ಬೆಂಗಳೂರಿನ ಇಂಗ್ಲಿಷ್ ಬಲ್ಲ ಹುಡುಗ. ಈರೇಗೌಡ ಅವನಿಗೆ ತನ್ನೂರು ತೋರಿಸಿದ ಗೆಳೆಯ, ಕಥೆ-ಚಿತ್ರಕಥೆಯಲ್ಲಿ ಜೊತೆಗಾರ, ಮತ್ತು ಕಾಸ್ಟಿಂಗ್ ಡೈರೆಕ್ಟರ್. ನೂರೊಂದು ವರ್ಷದ ಮುದುಕ ಸಾಯುತ್ತಾನೆ. ಹನ್ನೊಂದನೆಯ ದಿನದ ತಿಥಿಯವರೆಗೆ ಅವನ ಮಗ, ಮೊಮ್ಮಗ, ಮರಿಮಗ ಏನೇನು ಮಾಡಿದರು ಎಂಬುದೇ ಕಥೆ. ಸೆಂಚುರಿ ಗೌಡನಾಗಿ ಸಿಂಗ್ರಿಗೌಡ, ಗಡ್ಡಪ್ಪನಾಗಿ ಚನ್ನೇಗೌಡ, ತಮ್ಮಣ್ಣನಾಗಿ ತಮ್ಮೇಗೌಡ, ಅಭಿಯಾಗಿ ಅಭಿಷೇಕ. ಯಾರೂ ಹಿಂದೆ ಕ್ಯಾಮೆರಾ ಮುಂದೆ ನಿಂತವರಲ್ಲ. ಎಲ್ಲ ನೊದೆಕೊಪ್ಪಲು ಮತ್ತು ಸುತ್ತಲಿನ ಹಳ್ಳಿಯವರು.

ಈರೇಗೌಡ ಇಲ್ಲಿ ಮಾಡಿದ್ದು ಕಾಸ್ಟಿಂಗಿನ ಮಾಮೂಲು ಕ್ರಮವನ್ನೇ ತಿರುಗಿಸಿ ಹಾಕಿತು. ಕಥೆ ಬರೆದು ಅದಕ್ಕೆ ಮುಖ ಹುಡುಕುವುದು ಲೋಕರೂಢಿ. ಇವರು ಮೊದಲು ಮನುಷ್ಯರನ್ನು ಹಿಡಿದರು, ಆಮೇಲೆ ಅವರ ಮೈಗೆ ಒಪ್ಪುವಂತೆ ಕಥೆಯನ್ನು ಹೊಲಿದರು. ಸುಮ್ಮನೆ ಅಲೆಯುವ ಗಡ್ಡಪ್ಪನ ಆ ನಡಿಗೆ, ಬೀಡಿ ಹಿಡಿಯುವ ಆ ಬೆರಳು, ಯಾರ ಮಾತಿಗೂ ಜಗ್ಗದ ಆ ಮೌನವನ್ನು ಯಾವ ನಟನೂ ತಿಂಗಳ ತಾಲೀಮಿನಲ್ಲಿ ಕಲಿತು ತರಲಾರ. ಅದನ್ನು ಅರಳಿಕಟ್ಟೆಯ ಮೇಲೆ ನೋಡಿ, ಇದು ಸಿನಿಮಾ ಅನ್ನಲು ಅದೇ ಊರಲ್ಲಿ ಹುಟ್ಟಿದವನ ಕಣ್ಣು ಬೇಕು. ಬೆಂಗಳೂರಿನಿಂದ ಫೋಟೋ ಆಲ್ಬಮ್ ಹಿಡಿದು ಬಂದವನಿಗೆ ಅಲ್ಲಿ ಕಾಣುವುದು ಬೀಡಿ ಸೇದುವ ಮುದುಕ ಮಾತ್ರ.

2015ರಲ್ಲಿ ಸ್ವಿಟ್ಜರ್ಲೆಂಡಿನ ಲೊಕಾರ್ನೊ ಚಿತ್ರೋತ್ಸವದಲ್ಲಿ ‘ತಿಥಿ’ಗೆ ಎರಡು ಪ್ರಶಸ್ತಿ ಬಂದವು, ಆ ಸಾಲಿನ ಅತ್ಯುತ್ತಮ ಕನ್ನಡ ಚಿತ್ರ ರಾಷ್ಟ್ರಪ್ರಶಸ್ತಿಯೂ ಬಂತು. 2016ರ ಮೇ ತಿಂಗಳಲ್ಲಿ ಬಿಡುಗಡೆಯಾದಾಗ ಜನ ಹಬ್ಬಕ್ಕೆ ಹೋದಂತೆ ಹೋದರು. ಬೆನ್ನಿಗೇ ಗಾಂಧಿನಗರ ಎಚ್ಚೆತ್ತುಕೊಂಡಿತು. ಸೆಂಚುರಿ ಗೌಡ, ಗಡ್ಡಪ್ಪ, ಅಭಿಯನ್ನು ‘ತರ್ಲೆ ವಿಲೇಜ್’ ಮುಂತಾದ ಚಿತ್ರಗಳಿಗೆ ಹಾಕಿಕೊಂಡರು. ಅದೇ ಮುಖ, ಅದೇ ಮಾತು, ಆದರೆ ‘ತಿಥಿ’ಯ ಜೀವ ಅಲ್ಲಿ ಬರಲಿಲ್ಲ. ಮುಖ ಸಿಕ್ಕರೆ ಸಾಕು ಎಂದುಕೊಂಡವರಿಗೆ ಆ ಮುಖವನ್ನು ಆರಿಸಿದ ಕಣ್ಣು ಯಾಕೆ ಬೇಕಿತ್ತು ಎಂಬುದು ಆಗ ತಿಳಿಯಬೇಕಿತ್ತು. ಈರೇಗೌಡ ಆ ಗದ್ದಲಕ್ಕೆ ಸಿಗದೆ ತಾನೇ ‘ಬಳೆಕೆಂಪ’ ನಿರ್ದೇಶಿಸಿದ. ಅದರಲ್ಲೂ ಬಣ್ಣ ಹಚ್ಚಿ ಗೊತ್ತಿಲ್ಲದ ಜನ. 2018ರ ರಾಟರ್‌ಡ್ಯಾಮ್ ಚಿತ್ರೋತ್ಸವದಲ್ಲಿ ವಿಮರ್ಶಕರ ಫಿಪ್ರೆಸಿ ಪ್ರಶಸ್ತಿ ಬಂತು.

ಕರಾವಳಿಯವರೂ ಸುಮ್ಮನಿರಲಿಲ್ಲ. 2022ರ ‘ಕಾಂತಾರ’ಕ್ಕೆ ರಿಷಬ್ ಶೆಟ್ಟಿ ಊರ ಜನರ ಗುಂಪನ್ನು ಕಟ್ಟುವಾಗ ತುಳು-ಕುಂದಗನ್ನಡ ರಂಗಭೂಮಿಯ ಪ್ರಕಾಶ್ ತೂಮಿನಾಡು, ದೀಪಕ್ ರೈ ಪಾಣಾಜೆಯಂಥವರನ್ನೇ ತಂದರು. ದೇಶವೆಲ್ಲ ಆ ಚಿತ್ರವನ್ನು ತಂತಮ್ಮ ಭಾಷೆಯ ಡಬ್ಬಿಂಗಿನಲ್ಲಿ ನೋಡಿತು. ಕನ್ನಡದಲ್ಲಿ ನೋಡಿದವರಿಗೆ ಮಾತ್ರ ಆ ಮಾತಿನ ಬನಿ ತಾಗಿತು.

ಮಂಡ್ಯಕ್ಕೆ ಈರೇಗೌಡ ಸಿಕ್ಕ, ಕರಾವಳಿಗೆ ಅದರದೇ ಹುಡುಗರು ಸಿಕ್ಕರು. ಬಿಜಾಪುರಕ್ಕೆ?

ಬಿಜಾಪುರಕ್ಕೆ ರಾಜು ತಾಳಿಕೋಟೆ ಸಿಕ್ಕಿದ್ದ. ಸಿಂದಗಿ ತಾಲ್ಲೂಕಿನ ಚಿಕ್ಕಸಿಂದಗಿಯ ಮನುಷ್ಯ, ತಾಳಿಕೋಟೆಯ ಖಾಸ್ಗತೇಶ್ವರನ ಹೆಸರಿನ ನಾಟಕ ಕಂಪನಿ. ‘ಕಲಿಯುಗದ ಕುಡುಕ’ದ ಕ್ಯಾಸೆಟ್ಟು ಕೇಳದ ಟ್ರ್ಯಾಕ್ಟರು ಈ ಭಾಗದಲ್ಲಿ ಇರಲಿಲ್ಲ. ಡೇರೆಯಲ್ಲಿ ಆತ ಬರೀ ನಗಿಸುತ್ತಿರಲಿಲ್ಲ. ನಗಿಸುತ್ತ ನಗಿಸುತ್ತ ಒಮ್ಮೆಲೇ ನಿಂತು, ಎದುರು ಕೂತ ಗಂಡಸರ ಕುಡಿತವನ್ನೂ ಹೆಂಡಂದಿರ ಕಣ್ಣೀರನ್ನೂ ಎತ್ತಿ ಆಡಿ, ಡೇರೆಯನ್ನು ಗಪ್ಪನೆ ಮಾಡಿಬಿಡುತ್ತಿದ್ದ. ಹಾಗೆ ಮಾಡಬಲ್ಲವನು ಬರೀ ಹಾಸ್ಯಗಾರನಲ್ಲ. 2009ರಲ್ಲಿ ಯೋಗರಾಜ ಭಟ್ಟರು ‘ಮನಸಾರೆ’ಗೆ ಕರೆದರು, ಆಮೇಲೆ ‘ಪಂಚರಂಗಿ’. ಭಟ್ಟರಿಗೆ ಶಹಬ್ಬಾಸ್ ಅನ್ನಲೇಬೇಕು. ‘ಮನಸಾರೆ’ಯ ಹುಚ್ಚಾಸ್ಪತ್ರೆಯ ಮಾತುಗಳನ್ನು ಆತನ ಬಾಯಿಗೇ ಬಿಟ್ಟು, ಬಿಜಾಪುರದ ಮಾತಿಗೆ ಬಿಜಾಪುರದ ಮುಖವನ್ನೇ ಕೊಟ್ಟರು. ಆದರೆ ಅನಂತರ ಬಂದ ಚಿತ್ರಗಳವರು ಹಿಡಿದುಕೊಂಡದ್ದು ‘ಉತ್ತರ ಕರ್ನಾಟಕದ ಕಾಮಿಡಿ’ ಎಂಬ ಖಾನೆಯನ್ನು. ಆ ಖಾನೆಯಲ್ಲಿ ಆತನನ್ನು ಕೂಡಿಸಿ ಬಾಗಿಲು ಹಾಕಿದರು. ವಾಸುದೇವರಾಯರಿಗೆ ಕಾರಂತರು, ಬಿರಾದಾರರಿಗೆ ಕಾಸರವಳ್ಳಿ ಸಿಕ್ಕಂತೆ ರಾಜು ತಾಳಿಕೋಟೆಗೆ ಯಾರೂ ಸಿಗಲಿಲ್ಲ. ಕೊನೆಗಾಲದಲ್ಲಿ ಸರ್ಕಾರ ಆತನನ್ನು ಧಾರವಾಡ ರಂಗಾಯಣದ ನಿರ್ದೇಶಕನನ್ನಾಗಿ ಮಾಡಿತು. 2025ರ ಅಕ್ಟೋಬರಿನಲ್ಲಿ ಉಡುಪಿ ಜಿಲ್ಲೆಗೆ ಚಿತ್ರೀಕರಣಕ್ಕೆ ಹೋದವನು ಅಲ್ಲಿಯೇ ಎದೆನೋವು ಬಂದು ತೀರಿಕೊಂಡ. ಡೇರೆಯಲ್ಲಿ ಆತನನ್ನು ನೋಡಿದವರಿಗೆ ಗೊತ್ತು, ಸಿನಿಮಾ ಆತನ ಕಾಲು ಪಾಲನ್ನೂ ನೋಡಲಿಲ್ಲ.

ಇದು ಒಬ್ಬ ನಟನ ದುರದೃಷ್ಟವೆಂದು ಬಿಟ್ಟುಬಿಡಲು ನನಗೆ ಮನಸ್ಸಿಲ್ಲ. ಬೆಂಗಳೂರಿನ ಆಡಿಷನ್ ಕೋಣೆಗಳಿಗೆ ವಿಜಯಪುರದಿಂದ ರಾತ್ರಿ ಬಸ್ಸು ಹತ್ತಿ ಹೋಗುವ ಹುಡುಗರನ್ನು ನಾನು ಬಲ್ಲೆ. ‘ಸ್ವಲ್ಪ ನಿಮ್ಮ ಕಡೆ ಭಾಷೆ ಮಾತಾಡಿ’ ಎಂದು ಕೇಳುತ್ತಾರೆ. ಇವರು ಮಾತಾಡಿದರೆ ಅಳುವ ಸೀನಿಗೂ ನಗುತ್ತಾರೆ. ಹಾಗೆ ಹೋಗಿ ಬಂದ ಹುಡುಗನೊಬ್ಬ ಈಗ ತಿಕೋಟಾದ ಹತ್ತಿರ ತನ್ನ ದ್ರಾಕ್ಷಿ ತೋಟ ನೋಡಿಕೊಂಡು, ಜಾತ್ರೆ ಬಂದಾಗ ಖಳನಾಯಕನಾಗುತ್ತಾನೆ. ಪಟ್ಟಿ ಕಡಿಮೆ ಕೊಟ್ಟದ್ದಕ್ಕೆ ಹೀರೋ ಆಗಲಿಲ್ಲ, ಅಷ್ಟೆ.

ಆದ್ದರಿಂದ ಬೆಂಗಳೂರಿನ ಕಾಸ್ಟಿಂಗ್ ಡೈರೆಕ್ಟರುಗಳಲ್ಲಿ ಒಂದು ವಿನಂತಿ. ಹುಡುಗರನ್ನು ನಿಮ್ಮಲ್ಲಿಗೆ ಕರೆಸಬೇಡಿ, ನೀವೇ ಬನ್ನಿ. ಸಂಕ್ರಾಂತಿಗೆ ವಿಜಯಪುರದಲ್ಲಿ ಸಿದ್ಧೇಶ್ವರ ಜಾತ್ರೆ. ಬನದ ಹುಣ್ಣಿಮೆಗೆ ಬಾದಾಮಿಯ ಬನಶಂಕರಿ ಜಾತ್ರೆ. ಅಲ್ಲಿ ನಾಟಕ ಕಂಪನಿಗಳ ಡೇರೆಗಳು ಸಾಲಾಗಿ ನಿಂತು ದಿನಗಟ್ಟಲೆ ಆಡುತ್ತವೆ. ಕ್ಯಾಮೆರಾ ತರಬೇಡಿ, ಫೋಟೋ ಕೇಳಬೇಡಿ. ಟಿಕೆಟ್ಟು ತೆಗೆದುಕೊಂಡು ಹಿಂದಿನ ಸಾಲಿನಲ್ಲಿ ಕೂತು ಒಂದು ಪೂರ್ತಿ ಆಟ ನೋಡಿ. ಜನ ನಗುವಾಗ ನಟನನ್ನು ನೋಡುವುದು ಬೇಡ. ನಗು ನಿಂತ ಮೇಲೆ ಆತ ಏನು ಮಾಡುತ್ತಾನೆ ಎಂಬುದನ್ನು ನೋಡಿ. ಆಟ ಬೆಳತನಕ ಇರುತ್ತದೆ, ಹೊದ್ದುಕೊಳ್ಳಲು ಒಂದು ಚಾದರ ತನ್ನಿ.